ಮಿಯಾಗಾವನ ಕಣ್ಣು

ಚಿತ್ರವಿಮರ್ಶೆ ಬರೆಯುವ ನಮ್ಮವರಿಗೆ ಒಂದು ಹಳೆಯ ಅಭ್ಯಾಸವುಂಟು. ಕಥೆಗೆ ಅರ್ಧ ಅಂಕಣ, ನಟನಟಿಯರಿಗೆ ಕಾಲು, ಉಳಿದದ್ದು ದಿಗ್ದರ್ಶಕನಿಗೆ. ಕೊಟ್ಟಕೊನೆಗೆ, ಮರೆತದ್ದನ್ನು ತಟ್ಟನೆ ನೆನೆಸಿಕೊಂಡವರಂತೆ, ‘ಛಾಯಾಗ್ರಹಣ ಉತ್ತಮವಾಗಿದೆ’ ಎಂದು ಒಂದು ಸಾಲು. ಈ ಸಾಲಿನಿಂದ ಓದುಗನಿಗೆ ತಿಳಿದದ್ದೇನು? ಮುಖಗಳು ಕಾಣುತ್ತಿದ್ದವು ಎಂಬುದಷ್ಟೆ. ಜಪಾನಿನ ಕಾಜುವೊ ಮಿಯಾಗಾವನ ಕೆಲಸವನ್ನು ಮನಸ್ಸಿಟ್ಟು ನೋಡಿದವರಿಗೆ ಈ ಪದ್ಧತಿ ಎಷ್ಟು ಕೃಪಣವಾದುದೆಂಬುದು ಹೊಳೆಯದೆ ಇರದು.

ಮಿಯಾಗಾವ ಹುಟ್ಟಿದ್ದು 1908ರಲ್ಲಿ, ಕ್ಯೋಟೋ ನಗರದಲ್ಲಿ. ಹುಡುಗನಾಗಿದ್ದಾಗಲೇ ಮಸಿಯ ಚಿತ್ರಕಲೆಯನ್ನು ಕಲಿತ. ಆ ಕಲೆಯಲ್ಲಿ ಬಣ್ಣಕ್ಕೆ ಎಡೆಯಿಲ್ಲ. ನೀರನ್ನು ಹೆಚ್ಚುಕಡಿಮೆ ಮಾಡಿ ಒಂದೇ ಕಪ್ಪಿನಿಂದ ಹತ್ತಾರು ಛಾಯೆಗಳನ್ನು ಹೊರಡಿಸಬೇಕು. 1926ರಲ್ಲಿ ನಿಕ್ಕಾತ್ಸು ಸಂಸ್ಥೆಯನ್ನು ಸೇರಿ ಮೊದಲು ಫಿಲ್ಮು ತೊಳೆಯುವ ಪ್ರಯೋಗಾಲಯದಲ್ಲಿ ದುಡಿದ. ಒಂದು ಕಡೆ ಕುಂಚ, ಇನ್ನೊಂದು ಕಡೆ ರಾಸಾಯನಿಕದ ತೊಟ್ಟಿ. ಈ ಎರಡು ಪಾಠಶಾಲೆಗಳ ಗುರುತು ಅವನ ಕೆಲಸದಲ್ಲಿ ಕಡೆಯತನಕ ಉಳಿಯಿತು.

ಲೋಕ ಅವನನ್ನು ಗಮನಿಸಿದ್ದು ಅಕಿರಾ ಕುರೋಸಾವನ ‘ರಾಶೋಮೊನ್’ (1950) ಚಿತ್ರದಿಂದ. 1951ರಲ್ಲಿ ಅದು ವೆನಿಸ್ಸಿನಲ್ಲಿ ಸ್ವರ್ಣಸಿಂಹ ಪ್ರಶಸ್ತಿ ಪಡೆಯಿತು; 1952ರಲ್ಲಿ ನಮ್ಮ ದೇಶದ ಮೊದಲ ಅಂತರರಾಷ್ಟ್ರೀಯ ಚಿತ್ರೋತ್ಸವದಲ್ಲಿ ಇಲ್ಲಿಯವರೂ ಅದನ್ನು ಕಂಡರು. ಕ್ಯಾಮರಾವನ್ನು ನೇರವಾಗಿ ಸೂರ್ಯನಿಗೇ ತಿರುಗಿಸಿದ ಸಾಹಸವನ್ನು ಎಲ್ಲರೂ ಹೊಗಳುತ್ತಾರೆ. ಹೊಗಳಲಿ, ತಪ್ಪಿಲ್ಲ. ಆದರೆ ನನಗೆ ಹೆಚ್ಚು ಹಿಡಿಸುವುದು ಅದರ ಹಿಂದಿನ ಕೈಕೆಲಸ. ದಟ್ಟವಾದ ಕಾಡಿನ ನೆರಳಿಗೆ ದೊಡ್ಡ ಕನ್ನಡಿ ಹಿಡಿದು ಬಿಸಿಲನ್ನೇ ತಂದು ಸುರಿದರು. ಪಾಳುಬಿದ್ದ ಹೆಬ್ಬಾಗಿಲಿನ ಮೇಲೆ ಸುರಿಯುವ ಮಳೆ ಬಿಳಿಯ ಆಕಾಶದ ಎದುರು ಕಾಣದೆ ಹೋದೀತೆಂದು ನೀರಿಗೆ ಮಸಿ ಬೆರೆಸಿದರು. ಹುಡುಗನಾಗಿದ್ದಾಗ ಕಾಗದದ ಮೇಲೆ ಮಸಿ ಹರಿಸಿದವನ ಚಿತ್ರದಲ್ಲಿ ಆಕಾಶದಿಂದಲೇ ಮಸಿ ಸುರಿಯಿತು. ಇಷ್ಟಾದರೂ ಒಂದು ಮಾತು ಹೇಳಲೇಬೇಕು: ‘ರಾಶೋಮೊನ್’ನ ಕಾಡಿನಲ್ಲಿ ಬೆಳಕು ಒಮ್ಮೊಮ್ಮೆ ತಾನೇ ಒಂದು ಪಾತ್ರವಾಗಿ ಮೆರೆಯುತ್ತದೆ. ಕೊಲೆಯ ಕಥೆಯನ್ನು ಮರೆತು ಎಲೆಗಳ ಥಳಥಳವನ್ನು ನೋಡುತ್ತ ಕೂರುವಂತಾಗುತ್ತದೆ.

ಅವನ ಶಕ್ತಿಯ ಪೂರ್ಣಪ್ರಮಾಣ ಕಾಣಬೇಕಾದರೆ ಕೆಂಜಿ ಮಿಜೋಗುಚಿಯ ಚಿತ್ರಗಳಿಗೆ ಹೋಗಬೇಕು. 1951ರಿಂದ 1956ರಲ್ಲಿ ಮಿಜೋಗುಚಿ ತೀರಿಕೊಳ್ಳುವವರೆಗೆ ಇಬ್ಬರೂ ಕೂಡಿ ಎಂಟು ಚಿತ್ರಗಳನ್ನು ತೆಗೆದರು. ‘ಉಗೆತ್ಸು’ (1953) ಚಿತ್ರದ ಕೊನೆಯ ಭಾಗವನ್ನು ನೋಡಿ. ಕುಂಬಾರ ಗೆಂಜುರೊ ಹಣದ ಆಸೆಗೂ ಒಬ್ಬ ಮಾಯಾಂಗನೆಯ ಮೋಹಕ್ಕೂ ಸಿಕ್ಕಿ, ಬಹುಕಾಲದ ಮೇಲೆ ತನ್ನ ಮನೆಗೆ ಹಿಂತಿರುಗುತ್ತಾನೆ. ಮನೆ ಕತ್ತಲು, ಒಲೆಯಲ್ಲಿ ಬೆಂಕಿಯಿಲ್ಲ. ಹೆಂಡತಿಯ ಹೆಸರು ಹಿಡಿದು ಕೂಗುತ್ತ ಹಿತ್ತಲ ಬಾಗಿಲಿನಿಂದ ಹೊರಗೆ ಹೋಗಿ ಮನೆಯನ್ನು ಬಳಸಿ ಬರುತ್ತಾನೆ. ಕ್ಯಾಮರಾ ಒಳಗೇ ಇದ್ದು, ಗೋಡೆಯಾಚೆ ನಡೆಯುವ ಅವನ ಜೊತೆಗೆ ಮೆಲ್ಲನೆ ತಿರುಗುತ್ತದೆ. ಅವನು ಮತ್ತೆ ಮುಂಬಾಗಿಲಿಗೆ ಬರುವ ಹೊತ್ತಿಗೆ ಒಲೆ ಉರಿಯುತ್ತಿದೆ. ಹೆಂಡತಿ ಅಡಿಗೆ ಮಾಡುತ್ತ ಕುಳಿತಿದ್ದಾಳೆ. ಅವಳು ಸತ್ತು ಹೋದವಳೆಂಬುದು ಅವನಿಗೆ ತಿಳಿಯುವುದು ಮರುದಿನ ಬೆಳಗ್ಗೆ.

ನಡುವೆ ಒಂದೇ ಒಂದು ಕತ್ತರಿಯೂ ಇಲ್ಲವೆಂಬುದನ್ನು ಗಮನಿಸಬೇಕು. ಕತ್ತರಿ ಬಿದ್ದಿದ್ದರೆ ಅದು ಜಾದೂಗಾರನ ಕೈಚಳಕವಾಗುತ್ತಿತ್ತು. ಬೀಳಲಿಲ್ಲವಾದ್ದರಿಂದ ಬರಿದಾದ ಮನೆಗೂ ತುಂಬಿದ ಮನೆಗೂ ನಮ್ಮ ಕಣ್ಣೇ ಸಾಕ್ಷಿ, ನಂಬದೆ ವಿಧಿಯಿಲ್ಲ. ಪ್ರೇತವೆಂದು ಬಾಯಿಬಿಟ್ಟು ಹೇಳುವುದು ವಾಚ್ಯ. ಹೀಗೆ ಮೌನವಾಗಿ ತಿರುಗಿ ತೋರಿಸುವುದನ್ನು ನಮ್ಮ ಆಲಂಕಾರಿಕರು ಧ್ವನಿಯೆಂದೇ ಕರೆಯುತ್ತಿದ್ದರು. ಈ ಚಿತ್ರದ ಬಹುಪಾಲನ್ನು ಕ್ರೇನಿನ ಮೇಲಿನಿಂದ ತೆಗೆದರಂತೆ. ಯಂತ್ರ ಅಷ್ಟೊಂದು ಓಡಾಡಿದರೂ ಅದರ ಗುರುತು ಹತ್ತದಿರುವುದು ಸಣ್ಣ ಮಾತಲ್ಲ.

ಇನ್ನು ಯಸುಜಿರೊ ಓಜು. ಅವನದು ನೆಲಮಟ್ಟದಲ್ಲಿ ಕುಳಿತ, ಅಲುಗಾಡದ ಕ್ಯಾಮರಾ; ಚೌಕಟ್ಟನ್ನು ತಾನೇ ನೋಡಿ ಅಳೆದು ನಿಲ್ಲಿಸುವ ದಿಗ್ದರ್ಶಕ. ಮಿಯಾಗಾವ ಅವನೊಡನೆ ಮಾಡಿದ್ದು ‘ತೇಲುವ ಕಳೆ’ (1959) ಎಂಬ ಒಂದೇ ವರ್ಣಚಿತ್ರ. ಅದರಲ್ಲಿ ನಾಟಕದ ಕಂಪನಿಯ ಯಜಮಾನನೂ ಅವನ ಗೆಳತಿಯೂ ಬೀದಿಯ ಎರಡು ಬದಿಯ ಸೂರುಗಳ ಕೆಳಗೆ ನಿಂತು ಜಗಳವಾಡುತ್ತಾರೆ. ನಡುವೆ ಮಳೆ ಧೋ ಎಂದು ಸುರಿಯುತ್ತದೆ. ಕ್ಯಾಮರಾ ಅಲುಗುವುದಿಲ್ಲ. ಕ್ರೇನಿನ ಮೇಲೆ ಹಾರಾಡಿದವನು ಇಲ್ಲಿ ಚಾಪೆಯ ಮೇಲೆ ಕುಳಿತ. ಬೆಳಕು ಮಾತ್ರ ಅವನದಾಗಿ ಉಳಿಯಿತು.

ಇಲ್ಲೊಂದು ಆಕ್ಷೇಪಣೆ ಏಳುತ್ತದೆ. ಕುರೋಸಾವನಿಗೆ ಒಂದು ಬಗೆ, ಮಿಜೋಗುಚಿಗೆ ಒಂದು ಬಗೆ, ಓಜುವಿಗೆ ಮತ್ತೊಂದು ಬಗೆಯಾದ ಮೇಲೆ ಇವನ ಸ್ವಂತ ಶೈಲಿ ಯಾವುದು? ಶೈಲಿಯೇ ಇಲ್ಲದವನನ್ನು ಕಲಾವಿದನೆನ್ನಬಹುದೆ, ಒಳ್ಳೆಯ ಕಸುಬುಗಾರನೆಂದರೆ ಸಾಲದೆ? ಪ್ರಶ್ನೆ ಹಗುರವಾದುದಲ್ಲ. ಆದರೆ ಪ್ರತಿಯೊಂದು ಕಚೇರಿಯಲ್ಲಿಯೂ ಒಂದೇ ನಡೆಯನ್ನು ಬಾರಿಸುವ ಮೃದಂಗದವನನ್ನು ನಾವು ದೊಡ್ಡ ವಿದ್ವಾಂಸನೆನ್ನುವುದಿಲ್ಲ. ಹಾಡುವವರ ಮನೋಧರ್ಮವನ್ನರಿತು, ಅವರು ನಿಲ್ಲಿಸಿದೆಡೆ ನಿಂತು, ಅವರಿಗೇ ಹೊಳೆಯದ ಒಂದು ಮಗ್ಗುಲನ್ನು ಕಾಣಿಸುವವನನ್ನು ಹಾಗೆನ್ನುತ್ತೇವೆ. ಶೈಲಿಯೆಂದರೆ ಸಹಿ ಎಂಬ ಕಲ್ಪನೆ ಸಾಹಿತ್ಯವಿಮರ್ಶೆಯಿಂದ ಚಿತ್ರವಿಮರ್ಶೆಗೆ ಬಂದದ್ದು. ಹತ್ತು ಕೈಗಳು ಸೇರಿ ಮಾಡುವ ಕಲೆಗೆ ಅದು ಪೂರ್ತಿ ಹೊಂದುವುದಿಲ್ಲವೆಂದು ನನ್ನ ಅಭಿಪ್ರಾಯ.

ಹಾಗೆಂದು ಅವನು ಬರಿಯ ಅನುಸಾರಿಯೂ ಅಲ್ಲ. ಕೊನ್ ಇಚಿಕಾವನ ‘ತಮ್ಮ’ (1960) ಎಂಬ ವರ್ಣಚಿತ್ರಕ್ಕೆ ತೈಶೋ ಕಾಲದ ಮಾಸಿದ ಬಣ್ಣ ಬೇಕಾಗಿತ್ತು. ಫಿಲ್ಮನ್ನು ಸಂಸ್ಕರಿಸುವಾಗ ಬೆಳ್ಳಿಯನ್ನು ತೆಗೆದುಹಾಕುವ ಘಟ್ಟವನ್ನು ಮಿಯಾಗಾವ ಕೈಬಿಟ್ಟ. ಬೆಳ್ಳಿ ಉಳಿಯಿತು, ಬಣ್ಣ ತಗ್ಗಿತು, ಕಪ್ಪು ಗಾಢವಾಯಿತು. ವರ್ಣಚಿತ್ರದೊಳಗೆ ಮತ್ತೆ ಮಸಿ ಬಂದು ಸೇರಿತು. ದಶಕಗಳ ಮೇಲೆ ಹಾಲಿವುಡ್ಡಿನವರು ಇದೇ ಉಪಾಯವನ್ನು ಬಹಳವಾಗಿ ಬಳಸಿದರು.

1961ರ ‘ಯೊಜಿಂಬೊ’, ಖಡ್ಗವೀರರ ಜನಪ್ರಿಯ ಚಿತ್ರಗಳು, 1964ರ ಟೋಕಿಯೋ ಒಲಿಂಪಿಕ್ಸಿನ ಸಾಕ್ಷ್ಯಚಿತ್ರ—ಪಟ್ಟಿ ಉದ್ದವಾಗಿದೆ. 1971ರಲ್ಲಿ ಅವನು ದುಡಿಯುತ್ತಿದ್ದ ದಾಯೆ ಸಂಸ್ಥೆ ದಿವಾಳಿಯಾಯಿತು. ಅವನ ಕೆಲಸ ನಿಲ್ಲಲಿಲ್ಲ. 1980ರ ‘ಕಾಗೆಮುಷಾ’ಕ್ಕೆ ಕುರೋಸಾವ ಅವನನ್ನು ಮತ್ತೆ ಕರೆದ. ಆದರೆ ಕಣ್ಣಿನ ದೃಷ್ಟಿ ಕುಂದಿದ್ದರಿಂದ ಅವನು ನಡುವೆಯೇ ಹಿಂದೆ ಸರಿಯಬೇಕಾಯಿತು. ಅನಂತರವೂ ಮಸಾಹಿರೊ ಶಿನೋದನ ಜೊತೆಯಲ್ಲಿ, 1984ರಲ್ಲಿ, ಸೋತ ಜಪಾನಿನ ಮಕ್ಕಳ ಕಥೆಯೊಂದನ್ನು ಚಿತ್ರಿಸಿದ. ಆಗ ಅವನಿಗೆ ಎಪ್ಪತ್ತಾರು ವರ್ಷ.