ಸಿಂಹಾಸನದ ಪಕ್ಕ ನಿಂತವರು

ನಮ್ಮ ಹೊಸಪೇಟೆ ಕಡೆ ಕೃಷ್ಣದೇವರಾಯ ಅಂದ್ರೆ ರಾಜಕುಮಾರ್ ಮುಖವೇ ಕಣ್ಮುಂದೆ ಬರೋದು. 1970ರ ‘ಶ್ರೀಕೃಷ್ಣದೇವರಾಯ’ ಸಿನಿಮಾ ಮಾಡಿದ ಕೆಲಸ ಅದು. ಆದರೆ ಆ ಚಿತ್ರಕ್ಕೆ ರಾಜ್ಯ ಸರ್ಕಾರದ ಶ್ರೇಷ್ಠ ನಟ ಪ್ರಶಸ್ತಿ ಬಂದಿದ್ದು ರಾಜನ ಪಾತ್ರಕ್ಕಲ್ಲ, ಪಕ್ಕದಲ್ಲಿ ನಿಂತ ಮಂತ್ರಿ ತಿಮ್ಮರಸುವಿಗೆ. ಆ ಪಾತ್ರ ಮಾಡಿದವರು ಚಿತ್ರದ ನಿರ್ದೇಶಕರೂ ಆಗಿದ್ದ ಬಿ.ಆರ್. ಪಂತುಲು.

ಪಂತುಲು ಅಂದ್ರೆ ನಮ್ಮ ವಯಸ್ಸಿನವರಿಗೆ ಹೆಚ್ಚೆಂದರೆ ಟೈಟಲ್ ಕಾರ್ಡಿನ ಒಂದು ಹೆಸರು. 1910ರಲ್ಲಿ ಹುಟ್ಟಿದವರು. ನಾಟಕದಿಂದ ಬಂದು 1936ರ ‘ಸಂಸಾರ ನೌಕ’ದಲ್ಲಿ ನಾಯಕರಾದರು. ಆಮೇಲೆ ಪದ್ಮಿನಿ ಪಿಕ್ಚರ್ಸ್ ಕಟ್ಟಿ, ಕನ್ನಡ, ತಮಿಳು ಎರಡರಲ್ಲೂ ದೊಡ್ಡ ದೊಡ್ಡ ಸಿನಿಮಾ ತೆಗೆದರು. 1974ರಲ್ಲಿ ತೀರಿಕೊಂಡರು. ಅವರ ಮಗಳು ಬಿ.ಆರ್. ವಿಜಯಲಕ್ಷ್ಮಿ ಮುಂದೆ ಕ್ಯಾಮೆರಾ ಹಿಡಿದು, ಹೆಂಗಸರೇ ಇಲ್ಲದ ಛಾಯಾಗ್ರಹಣದಲ್ಲಿ ಹೆಸರು ಮಾಡಿದರು.

ಇವರ ಪಟ್ಟಿಯನ್ನ ಒಮ್ಮೆ ಸಾಲಾಗಿ ಇಟ್ಟು ನೋಡಿ. ಶಿವಾಜಿ ಗಣೇಶನ್ ಅವರನ್ನ ಕಟ್ಟಬೊಮ್ಮನ್ ಮಾಡಿದರು, ಕರ್ಣ ಮಾಡಿದರು. ಬಿ. ಸರೋಜಾದೇವಿಯವರನ್ನ ಕಿತ್ತೂರು ಚೆನ್ನಮ್ಮ ಮಾಡಿದರು. ರಾಜಕುಮಾರ್‌ಗೆ ವಿಜಯನಗರದ ಕಿರೀಟ ತೊಡಿಸಿದರು. ತಮಗೆ ಇಟ್ಟುಕೊಂಡಿದ್ದೇನು? 1958ರ ‘ಸ್ಕೂಲ್ ಮಾಸ್ಟರ್’ನಲ್ಲಿ ಮಕ್ಕಳಿಗೇ ಬೇಡವಾದ ಮುದಿ ಮೇಷ್ಟ್ರು. ಇಲ್ಲಿ, ರಾಜ್ಯ ಕಟ್ಟಿಕೊಟ್ಟೂ ರಾಜನಾಗದ ಮಂತ್ರಿ. ಎರಡೂ ಕೆಲಸ ಮಾಡಿ ಮುಗಿಸಿದವನ ಪಾತ್ರಗಳೇ.

ಸಿನಿಮಾದಲ್ಲಿ ದೋಷ ಇಲ್ಲ ಅಂತ ಹೇಳಲ್ಲ. ಇವತ್ತಿನ ಕಣ್ಣಿಗೆ ಅದು ಉದ್ದ. ಕಂಪನಿ ನಾಟಕದ ಗಾಳಿ ಚೆನ್ನಾಗಿಯೇ ಬೀಸುತ್ತೆ. ಆದರೆ ತಿಮ್ಮರಸು ಬಂದಾಗ ನಾನು ಮೊಬೈಲ್ ಪಕ್ಕಕ್ಕಿಡ್ತೀನಿ. ಆ ದಪ್ಪ ದೇಹಕ್ಕೆ ಅವಸರವಿಲ್ಲ. ರಾಜ ಮಾತಾಡುವಾಗ ಕೇಳಿಸಿಕೊಳ್ಳೋದನ್ನೇ ಅವರು ನಟನೆ ಮಾಡಿದ್ದಾರೆ. ಎದುರಿಗಿರೋನು ದೊಡ್ಡವನಾಗಿ ಕಾಣೋದು ಇವರು ಹಾಗೆ ನಿಂತಿರೋದ್ರಿಂದ.

ಆ ನಿಲುವು ನೋಡುವಾಗ ಹಂಪಿಯ ಕಥೆ ಮನಸ್ಸಿನಲ್ಲಿ ಓಡ್ತಿರುತ್ತೆ. ಹುಡುಗ ಕೃಷ್ಣರಾಯನ ಕಣ್ಣು ಕೀಳಿಸು ಅಂತ ಅಣ್ಣ ಆಜ್ಞೆ ಮಾಡಿದಾಗ ಆಡಿನ ಕಣ್ಣು ತೋರಿಸಿ ಅವನನ್ನ ಉಳಿಸಿದ್ದು ತಿಮ್ಮರಸು ಅಂತ ಜನ ಹೇಳ್ತಾರೆ. ರಾಯ ಅವನನ್ನ ಅಪ್ಪಾಜಿ ಅಂತಿದ್ದನಂತೆ. ಕೊನೆಗೆ, ಮಗನಿಗೆ ವಿಷ ಹಾಕಿಸಿದ ಅನ್ನೋ ಸಂಶಯದ ಮೇಲೆ ರಾಯನೇ ಆ ಅಪ್ಪಾಜಿಯ ಕಣ್ಣು ಕೀಳಿಸಿದ ಅಂತ ಪೋರ್ಚುಗೀಸ್ ಕುದುರೆ ವ್ಯಾಪಾರಿ ನೂನಿಜ್ ಬರೆದಿಟ್ಟಿದ್ದಾನೆ.

ನಮ್ಮಪ್ಪ ಕಂಪ್ಲಿಯ ಒಂದು ಅಕ್ಕಿ ಗಿರಣಿಯಲ್ಲಿ ಇಪ್ಪತ್ತೆರಡು ವರ್ಷ ಲೆಕ್ಕ ಬರೆದವರು. ಹೊಸಪೇಟೆಯಿಂದ ಬೆಳಗಿನ ಬಸ್ಸಿಗೆ ಹೋಗಿ ರಾತ್ರಿ ಬರ್ತಿದ್ರು. ಒಂದು ವರ್ಷ ಭತ್ತದ ಚೀಲ ಕಮ್ಮಿ ಬಿದ್ದಾಗ ಸಾಹುಕಾರರು ಮೊದಲು ನೋಡಿದ್ದು ಇವರ ಮುಖ. ತಿಂಗಳಾದ ಮೇಲೆ ತಪ್ಪು ತೂಕದ್ದು ಅಂತ ಗೊತ್ತಾಯ್ತು, ಕರೆ ಬಂತು. ಅಪ್ಪ ಹೋಗಲಿಲ್ಲ.

ಹೋದ ದೀಪಾವಳಿಗೆ ಇಬ್ಬರೂ ಕೂತು ಈ ಸಿನಿಮಾ ನೋಡಿದ್ವಿ. ಹಾಡುಗಳಿಗೆ ತೂಕಡಿಸ್ತಿದ್ದ ಅಪ್ಪ ತಿಮ್ಮರಸು ಬಂದಾಗ ನೆಟ್ಟಗೆ ಕೂರ್ತಿದ್ರು. ಮುಗಿದ ಮೇಲೆ ನಾನೇ ಕೇಳಿದೆ: ‘ಅವತ್ತು ಯಾಕಪ್ಪಾ ವಾಪಸ್ ಹೋಗ್ಲಿಲ್ಲ?’

‘ಲೆಕ್ಕ ಸರಿ ಇತ್ತು ಅಂತ ಅವರಿಗೆ ಗೊತ್ತಾತಲ್ಲ, ಸಾಕು ಬಿಡು,’ ಅಂದ್ರು. ಸ್ವಲ್ಪ ಹೊತ್ತು ಬಿಟ್ಟು, ‘ಆ ಮಂತ್ರಿ ಮಾಡಿದಾತ ಚಲೋ ಮಾಡ್ಯಾನ. ಯಾರಪ್ಪಾ ಆತ?’ ಅಂತ ಕೇಳಿದ್ರು.

ಹೆಸರು ಹೇಳಿದೆ. ಪ್ರಶಸ್ತಿ ರಾಜನಿಗಲ್ಲ, ಈತನಿಗೇ ಬಂತು ಅಂತಾನೂ ಹೇಳಿದೆ. ಅಪ್ಪ ನಕ್ಕಿದ್ದನ್ನ ಅವತ್ತು ಬಹಳ ದಿನದ ಮೇಲೆ ನೋಡಿದೆ.