ಕೆವಿನ್ ಗಿಲ್ಬರ್ಟನ ಅಚ್ಚುಚಿತ್ರಗಳೂ ಸಾರ್ವಭೌಮತ್ವದ ಪ್ರಶ್ನೆಯೂ

ಆಸ್ಟ್ರೇಲಿಯದ ಮೂಲನಿವಾಸಿ ಕಲಾವಿದರನ್ನು ಕುರಿತು ಬರೆಯುವವರು ಸಾಮಾನ್ಯವಾಗಿ ಎರಡು ದಾರಿಗಳಲ್ಲೊಂದನ್ನು ಹಿಡಿಯುತ್ತಾರೆ. ಕೆಲವರು ಕೃತಿಯನ್ನು ಅನ್ಯಾಯದ ಸಾಕ್ಷ್ಯವೆಂದಷ್ಟೇ ಓದಿ ಕಲೆಯನ್ನು ಮರೆಯುತ್ತಾರೆ. ಉಳಿದವರು ಕಲೆಯನ್ನು ಕೊಂಡಾಡಿ ವಾದವನ್ನು ಬದಿಗಿಡುತ್ತಾರೆ. ವಿರಾಡ್ಜುರಿ ಜನಾಂಗದ ಕೆವಿನ್ ಗಿಲ್ಬರ್ಟನು (೧೯೩೩–೧೯೯೩) ಈ ಎರಡಕ್ಕೂ ಒಗ್ಗುವವನಲ್ಲ.

ಅವನ ಜೀವನದ ಕಠೋರ ಸಂಗತಿಯೊಂದನ್ನು ಮುಚ್ಚಿಡುವುದು ವಿಮರ್ಶೆಗೆ ತಕ್ಕುದಲ್ಲ. ಪತ್ನಿಯ ಕೊಲೆಗಾಗಿ ೧೯೫೭ರಲ್ಲಿ ಅವನಿಗೆ ಜೀವಾವಧಿ ಶಿಕ್ಷೆಯಾಯಿತು, ೧೯೭೧ರಲ್ಲಿ ಬಿಡುಗಡೆಯಾಯಿತು. ಮುಂದಿನ ಹೋರಾಟವು ಆ ಕೃತ್ಯವನ್ನು ತೊಳೆಯಿತೆಂದು ನಾವು ಹೇಳಲಾರೆವು. ಆದರೆ ಅವನ ಕಲೆ ಹುಟ್ಟಿದುದು ಸೆರೆಮನೆಯಲ್ಲಿಯೇ. ನೆಲಕ್ಕೆ ಹಾಸಿದ್ದ ಹಳೆಯ ಲಿನೋಲಿಯಮ್ಮಿನ ಚೂರುಗಳೇ ಅವನ ಫಲಕ. ಚಮಚ, ಮೊಳೆ, ಕ್ಷೌರದ ಅಲಗುಗಳೇ ಉಳಿ. ಇಂತಹ ಅಚ್ಚಿನಲ್ಲಿ ಕೆತ್ತದೆ ಉಳಿದ ಭಾಗ ಮಾತ್ರ ಮಸಿ ಹೀರುತ್ತದೆ, ಕೆತ್ತಿ ತೆಗೆದುದು ಬೆಳಕಾಗುತ್ತದೆ. ಕಪ್ಪಿನೊಳಗಿಂದ ರೇಖೆಯನ್ನು ಬಿಡಿಸಿಕೊಳ್ಳುವ ಈ ವಿಧಾನವನ್ನು ಅವನು ಆರಿಸಿಕೊಂಡನೆನ್ನುವುದಕ್ಕಿಂತ ಅದು ಅವನ ಪಾಲಿಗೆ ಬಂದಿತೆನ್ನುವುದೇ ಸರಿ. ೧೯೬೮ರ ಒಂದು ಚಿತ್ರಕ್ಕೆ ಅವನಿಟ್ಟ ಹೆಸರಿನ ತಾತ್ಪರ್ಯ ‘ನೆಲ ಕಳೆದುಕೊಂಡವರ ನಾಡಿನಲ್ಲಿ ಕ್ರಿಸ್ಮಸ್ಸಿನ ಮುನ್ನಾ ಸಂಜೆ’. ಹಬ್ಬ ಒಬ್ಬರದು, ನೆಲ ಇನ್ನೊಬ್ಬರದು! ಅದೇ ಕಾಲದ ‘ದಿ ಚೆರಿ ಪಿಕರ್ಸ್’ ನಾಟಕದಲ್ಲಿ ಹಣ್ಣು ಕೀಳುವ ಕೂಲಿಗಳ ಮಾತಿಗೆ ಜೀವವಿದೆ. ಬಂಧ ಮಾತ್ರ ಸಡಿಲ.

‘ಸಾರ್ವಭೌಮ’ ಎಂದೊಡನೆ ನಮ್ಮ ಕಿವಿಗೆ ಸರ್ವಭೂಮಿಯನ್ನು ಗೆದ್ದ ಚಕ್ರವರ್ತಿ ಕೇಳಿಸುತ್ತಾನೆ. ಗಿಲ್ಬರ್ಟನ ಅರ್ಥ ಇದಕ್ಕೆ ಪೂರಾ ವಿರುದ್ಧ. ತನ್ನ ಜನ ಯಾವ ಒಪ್ಪಂದದಿಂದಲೂ ನೆಲವನ್ನು ಬಿಟ್ಟುಕೊಟ್ಟಿಲ್ಲ. ಬಿಟ್ಟುಕೊಡದುದು ಇನ್ನೂ ಅವರದೇ. ಗೆಲ್ಲುವ ಮಾತೇ ಇಲ್ಲಿಲ್ಲ. ಬ್ರಿಟಿಷರು ಬಂದಿಳಿದ ೨೦೦ನೆಯ ವರ್ಷವಾದ ೧೯೮೮ರಲ್ಲಿ ಅವನು ಒಪ್ಪಂದಕ್ಕಾಗಿ ಚಳವಳಿ ನಡೆಸಿದನು. ಅದೇ ವರ್ಷ, ತಾನು ಸಂಪಾದಿಸಿದ ಕವನಸಂಕಲನಕ್ಕೆ ಬಂದ ಮಾನವಹಕ್ಕು ಪ್ರಶಸ್ತಿಯನ್ನು, ತನ್ನ ಜನಕ್ಕೆ ಆ ಹಕ್ಕುಗಳೇ ಇಲ್ಲವೆಂದು ನಿರಾಕರಿಸಿದನು. ೧೯೯೨ರ ಮಾಬೊ ತೀರ್ಪು ಮೂಲನಿವಾಸಿಗಳ ಭೂಸ್ವಾಮ್ಯವನ್ನು ಮನ್ನಿಸಿತು. ಸಾರ್ವಭೌಮತ್ವದ ಪ್ರಶ್ನೆಯನ್ನು ಕೈಗೆತ್ತಿಕೊಳ್ಳಲಿಲ್ಲ.

ಗಿಲ್ಬರ್ಟನ ಕಲ್ಪನೆಯ ಬಗೆಯನ್ನು ತಿಳಿಯಬೇಕಾದರೆ ಕ್ಯಾನ್‌ಬೆರಾದ ಪಾರ್ಲಿಮೆಂಟ್ ಭವನದೆದುರು ೧೯೭೨ರ ಜನವರಿ ೨೬ರಂದು ಮೂಲನಿವಾಸಿಗಳು ಬಿಡಿಸಿ ನಿಲ್ಲಿಸಿದ ಕಡಲತೀರದ ಕೊಡೆಯೊಂದನ್ನು ನೆನೆಯಬೇಕು. ಅದರ ಸಿದ್ಧತೆಯಲ್ಲಿ ಇವನ ಪಾಲೂ ಇತ್ತು. ಪೆರೋಲಿನ ನಿರ್ಬಂಧದಿಂದ ಅಲ್ಲಿಗೆ ಹೋಗಲಾಗಲಿಲ್ಲ. ಅದನ್ನು ಅವರು ‘ರಾಯಭಾರ ಕಚೇರಿ’ ಎಂದು ಕರೆದರು. ರಾಯಭಾರಿ ಇರುವುದು ಪರದೇಶದಲ್ಲಿ. ಇವರು ತಮ್ಮ ನೆಲದಲ್ಲಿಯೇ ಪರಕೀಯರೆಂಬುದನ್ನು ಆ ಒಂದು ಪದ ಹೇಳಿಬಿಟ್ಟಿತು. ೧೯೯೨ರಲ್ಲಿ ಅದನ್ನು ಮತ್ತೆ ಹೂಡಿದವರಲ್ಲಿ ಗಿಲ್ಬರ್ಟನೂ ಇದ್ದನು. ಮರುವರ್ಷ ಅವನು ತೀರಿಕೊಂಡನು. ಡೇರೆ ಅಲ್ಲಿಯೇ ಇದೆ.