ಅರ್ಹತಾದಾಯಕ ಸೇವೆ: ಯಾರ ಸೇವೆ? ಯಾರ ಅರ್ಹತೆ?

ಕತೆ, ಕವಿತೆಗಳನ್ನಷ್ಟೇ ವಿಮರ್ಶೆ ಮಾಡಬೇಕೆಂದು ಯಾರೂ ಕಟ್ಟುಹಾಕಿಲ್ಲ. ಬಡವರ ಹಣೆಬರಹವನ್ನು ಕವಿತೆಗಿಂತ ಹೆಚ್ಚು ಬರೆದದ್ದು ಸರಕಾರದ ನಿಯಮಗಳ ಪುಸ್ತಕ. ಅದರಿಂದ ಒಂದೇ ಒಂದು ಮಾತನ್ನು ಎತ್ತಿಕೊಂಡು ನಾವು ಈ ಸಲ ಓದುತ್ತೇವೆ: 'ಅರ್ಹತಾದಾಯಕ ಸೇವೆ'.

ಪಿಂಚಣಿಯ ಲೆಕ್ಕಕ್ಕೆ ಬರುವ ಸೇವೆಗೆ ಈ ಹೆಸರು. ಬಡ್ತಿಗೆ ಬೇಕಾದ ಜ್ಯೇಷ್ಠತೆಯೂ ಕಾಯಂ ನೇಮಕದಿಂದಲೇ ಎಣಿಕೆ. ದುಡಿಮೆ ಯಾವಾಗ ಶುರುವಾಯ್ತು ಅಂತ ಪುಸ್ತಕ ಕೇಳೋದಿಲ್ಲ. ಕಾಗದ ಯಾವಾಗ ಕೈಗೆ ಬಂತು ಅಂತ ಕೇಳ್ತದೆ.

ಬೀದರ್, ಭಾಲ್ಕಿ, ಔರಾದದಲ್ಲಿ ನಸುಕಿನಾಗ ಎದ್ದು ಕಸಬರಿಗೆ ಹಿಡಿಯುವವರು ಯಾವ ಕೇರಿಯಿಂದ ಬರ್ತಾರೆ ಎಂದು ನಮ್ಮ ಓದುಗರಿಗೆ ಹೇಳಬೇಕಾಗಿಲ್ಲ. ಗುತ್ತೇದಾರನ ಕೈಕೆಳಗೆ ದುಡಿದವಳ ಇಪ್ಪತ್ತು ವರ್ಷ ಈ ಪುಸ್ತಕದಾಗ ಸೊನ್ನೆ. ಅದೇ ಕಚೇರಿಯೊಳಗೆ ಫ್ಯಾನಿನ ಕೆಳಗೆ ಕೂತವರ ಇಪ್ಪತ್ತು ಇಪ್ಪತ್ತೇ. ಕಾಯಕದ ಮಾತು ಮೊಳಗಿದ ಕಲ್ಯಾಣ ಇರುವುದು ಇದೇ ಜಿಲ್ಲೆಯಲ್ಲಿ. ಜಯಂತಿಯ ದಿನ ಕಾಯಕಕ್ಕೆ ಹಾರ ಹಾಕುವ ಅಧಿಕಾರಶಾಹಿ ಮರುದಿನ ಕೇಳುತ್ತದೆ: 'ನಿನ್ನ ಆರ್ಡರ್ ಎಲ್ಲದ?'

2006ರ ಏಪ್ರಿಲ್ ತಿಂಗಳನ್ನು ನೋಡಿರಿ. 1ನೇ ತಾರೀಖಿನಿಂದ ಸೇರುವ ರಾಜ್ಯ ನೌಕರರಿಗೆ ಹಳೆಯ ಪಿಂಚಣಿ ನಿಂತಿತು. ಸಂಬಳದಲ್ಲಿ ವಂತಿಗೆ ಮುರಿದುಕೊಳ್ಳುವ ಹೊಸ ಯೋಜನೆ ಬಂತು. 10ನೇ ತಾರೀಖು, ಕರ್ನಾಟಕದಿಂದಲೇ ಹೋದ ಉಮಾದೇವಿ ಪ್ರಕರಣದಲ್ಲಿ, ದಿನಗೂಲಿಗಳಿಗೆ ಕಾಯಂ ಆಗುವ ಹಕ್ಕಿಲ್ಲವೆಂದು ಸುಪ್ರೀಂ ಕೋರ್ಟು ಹೇಳಿತು. ಮಂಜೂರಾದ ಹುದ್ದೆಯಲ್ಲಿ, ಕೋರ್ಟಿನ ಆದೇಶದ ಆಸರೆಯಿಲ್ಲದೆ, ಹತ್ತು ವರ್ಷ ದುಡಿದವರನ್ನು ಒಂದು ಸಲಕ್ಕೆ ಕಾಯಂ ಮಾಡಲು ಕ್ರಮ ತಗೊಳ್ಳಿರಿ ಎಂದೂ ಅದೇ ತೀರ್ಪು ಹೇಳಿತ್ತು. ಮೊದಲ ಮಾತು ಕಚೇರಿಗಳಿಗೆ ಬಾಯಿಪಾಠ. ಎರಡನೆಯದಕ್ಕೆ ಜಾಣ ಮರೆವು. ಉಮಾದೇವಿ ತೀರ್ಪನ್ನು ಬಹುಕಾಲ ದುಡಿದವರ ಮೇಲೆಯೇ ಆಯುಧ ಮಾಡಿಕೊಳ್ಳುವುದು ತಪ್ಪೆಂದು ಅದೇ ಕೋರ್ಟು ಜಗ್ಗೋ ಪ್ರಕರಣದಲ್ಲಿ ಹೇಳುವ ಹೊತ್ತಿಗೆ 2024ರ ಡಿಸೆಂಬರ್ ಬಂದಿತ್ತು. ಅಷ್ಟರಲ್ಲಿ ಎಷ್ಟು ಮಂದಿಗೆ ವಯಸ್ಸು ಮೀರಿತೋ!

2006ರ ಏಪ್ರಿಲ್ 1ಕ್ಕಿಂತ ಮುಂಚೆ ನೇಮಕಾತಿ ಅಧಿಸೂಚನೆ ಹೊರಟು, ಆಮೇಲೆ ಸೇರಿದ ಸುಮಾರು 13,000 ನೌಕರರಿಗೆ ಹಳೆಯ ಪಿಂಚಣಿ ಕೊಡಲು ರಾಜ್ಯ ಸರಕಾರ 2024ರ ಜನವರಿಯಲ್ಲಿ ಒಪ್ಪಿತು. ಒಳ್ಳೇದೇ ಆಯ್ತು. ನಮಗೆ ಹೊಟ್ಟೆಕಿಚ್ಚಿಲ್ಲ. ಒಂದೇ ಮಾತು ಕೇಳ್ತೀವಿ: ಕೆಲಸಕ್ಕೆ ಕಾಲಿಡುವ ಮೊದಲೇ ಹೊರಟ ಅಧಿಸೂಚನೆಗೆ ಬೆಲೆ ಇದ್ದರೆ, ಅದೇ ತಾರೀಖಿಗಿಂತ ಮೊದಲು ಮೋರಿಗೆ ಇಳಿದವನ ಬೆವರಿಗೆ ಯಾಕಿಲ್ಲ?

2022ರಲ್ಲಿ 11,133 ಪೌರಕಾರ್ಮಿಕರ ಕಾಯಮಾತಿಗೆ ಸಚಿವ ಸಂಪುಟ ಒಪ್ಪಿತು. ಅದು ಹೋರಾಟದ ಫಲ. ಆದರೆ ಐವತ್ತೆರಡನೇ ವಯಸ್ಸಿಗೆ ಆರ್ಡರ್ ಸಿಕ್ಕವಳು ಅರವತ್ತಕ್ಕೆ ಮನೆಗೆ ಹೋಗಬೇಕು. ಪುಸ್ತಕದಾಗ ಎಂಟೇ ವರ್ಷ. ಬಡ್ತಿ ಯಾವಾಗ, ಪಿಂಚಣಿ ಎಷ್ಟು?

ನಮ್ಮ ಭಾಗಕ್ಕೆ 371ಜೆ ಬಂತು. 2013ರ ನಿಯಮದಂತೆ ಸ್ಥಳೀಯ 'ಡಿ' ಗುಂಪಿನ ಹುದ್ದೆಗಳಲ್ಲಿ ನೂರಕ್ಕೆ 85 ನಮ್ಮವರಿಗೆ. ಆ ಹುದ್ದೆಯ ಕೆಲಸವನ್ನೇ ಹೊರಗುತ್ತಿಗೆಗೆ ಕೊಟ್ಟರೆ 85 ಯಾವುದರಲ್ಲಿ?

ಹೇಗೋ ಒಳಗೆ ಹೊಕ್ಕವರಿಗೆ ಇನ್ನೊಂದು ಪದ ಕಾದಿರುತ್ತದೆ: 'ದಕ್ಷತೆ'. ಕರ್ನಾಟಕದಲ್ಲಿ 1978ರಲ್ಲಿ ಬಡ್ತಿಯಲ್ಲಿ ಪರಿಶಿಷ್ಟ ಜಾತಿಗೆ ನೂರಕ್ಕೆ 15, ಪಂಗಡಕ್ಕೆ 3 ಮೀಸಲು ಬಂತು. ಹೀಗೆ ಮೇಲೆ ಬಂದವರ ಜ್ಯೇಷ್ಠತೆ ಕಾಯುವ 2002ರ ಕಾಯ್ದೆಯ ಮುಖ್ಯ ಕಲಮುಗಳು ಬಿ.ಕೆ. ಪವಿತ್ರ ಪ್ರಕರಣದಲ್ಲಿ 2017ರಲ್ಲಿ ಬಿದ್ದವು. ಹಿಂದುಳಿದಿರುವಿಕೆ, ಪ್ರಾತಿನಿಧ್ಯದ ಕೊರತೆ, ದಕ್ಷತೆ, ಇವಕ್ಕೆ ಅಂಕಿಅಂಶ ತೋರಿಸಿಲ್ಲ ಎಂದು ಕೋರ್ಟು ಹೇಳಿತು. ಸರಕಾರ ಲೆಕ್ಕ ಹಾಕಿ ಹೊಸ ಕಾಯ್ದೆ ತಂದಿತು. 2019ರ ಮೇ 10ರಂದು ಅದು ಗೆದ್ದಿತು. ಪರೀಕ್ಷೆಯ ಅಂಕವೊಂದೇ ಪ್ರತಿಭೆಯಲ್ಲ ಎಂದು ಕೋರ್ಟೇ ಬರೆಯಿತು.

ಆ ಮಾತನ್ನು ಕಸಬರಿಗೆಯ ತನಕ ಒಯ್ಯಬೇಕು. ಹೊರಗಿದ್ದವರಿಗೆ ಕಾಗದ ಕೇಳಿ, ಒಳಬಂದವರಿಗೆ ದಕ್ಷತೆ ಕೇಳುವ ಈ ವ್ಯವಸ್ಥೆ ದುಡಿದ ವರ್ಷಗಳನ್ನು ಮೊದಲು ಎಣಿಸಲಿ. ಗೆಳೆಯರೇ, ಮಾಸ್ತರರೇ, ನಿಮ್ಮೂರ ಕೇರಿಯಲ್ಲಿ ಕೂತು ಯಾರು ಯಾವ ವರ್ಷದಿಂದ ದುಡಿಯುತ್ತಿದ್ದಾರೆ ಬರೆದುಕೊಳ್ಳಿರಿ. ಹಾಜರಿ ಚೀಟಿ, ಪಗಾರದ ಚೀಟಿ, ಬ್ಯಾಂಕಿನ ಪುಸ್ತಕ ಒಂದನ್ನೂ ಹರಿಯಗೊಡಬೇಡಿರಿ. ಅವರು ಕಾಗದ ಕೇಳ್ತಾರಲ್ಲ, ನಾವೂ ಕಾಗದವನ್ನೇ ಮುಂದಿಡೋಣ.